ಸ್ಪೇನಪ್ಪನ ಪುರಾಣ

ಕಳೆದ ಶ್ರಾವಣದಲ್ಲಿ ಹುಕ್ಕೇರಿಯ ಬೀಗರ ಮನೆಗೆ ಹೋಗಿದ್ದೆ. ಹೋದ ಕೆಲಸ ಬೇಗ ಮುಗಿಯಿತು. ಗೋಕಾವಿಗೆ ಬರುವ ಸರ್ವೀಸ್ ಮೋಟಾರಿಗೆ ಇನ್ನೂ ಹೊತ್ತಿತ್ತು. ಸುಮ್ಮನೆ ಕೂರುವ ಬದಲು ಮಠದ ಪುರಾಣಕ್ಕೆ ಹೋಗಿ ಕಂಬಕ್ಕೆ ಒರಗಿ ಕುಳಿತೆ. ಅಂದು ಪುರಾಣದ ಕೊನೆಯ ದಿನ. ಹೇಳುವ ಶಾಸ್ತ್ರಿಗಳಿಗೆ ಭಾರಿ ನೆಗಡಿ. ಒಂದು ಮಾತಿಗೆ ಎರಡು ಸೀನು. ತಬಲಾದವನು ತಬಲಾದ ಮೇಲೆಯೇ ತಲೆಯಿಟ್ಟು ಮಲಗಿದ್ದ. ಹೆಂಗಸರು ತಮ್ಮ ಸೊಸೆಯಂದಿರ ಪುರಾಣವನ್ನು ಬೇರೆಯಾಗಿಯೇ ನಡೆಸಿದ್ದರು. ಅಷ್ಟರಲ್ಲಿ ಹೊರಗೆ ಮೋಟಾರಿನ ಭೋಂಪು ಕೂಗಿತು.

“ಏಳ್ರಿ ಬೀಗರ, ಮೋಟಾರ ಹೊಂಟೈತಿ,” ಎಂದು ಬೀಗರು ಮೊಳಕೈಯಿಂದ ತಿವಿದರು.

“ಮಂಗಳ ಆಗಲಿ ತಡೀರಿ.”

“ಅದು ಲಗೂನ ಆಗೂ ಹಂಗ ಕಾಣಂಗಿಲ್ರಿ. ಶಾಸ್ತ್ರಿಗೋಳ ಮೂಗಿನ್ಯಾಗ ಇನ್ನೂ ಮೂರು ಸಂಧಿ ಉಳದಾವು!”

ನಾನು ಏಳಲಿಲ್ಲ. ಮೋಟಾರು ಹೋಯಿತು. ಶಾಸ್ತ್ರಿಗಳು ಸೀನುತ್ತ ಸೀನುತ್ತಲೇ ಮಂಗಳ ಹಾಡಿದರು; ನಾನು ಆರತಿ ತೆಗೆದುಕೊಂಡು ಮರುದಿನ ಊರಿಗೆ ಬಂದೆ. ಮನೆಯಲ್ಲಿ ಹೆಂಡತಿ ಬಾಗಿಲಲ್ಲೇ ನಿಂತಿದ್ದಳು.

“ಭಾಳ ಭಕ್ತರಾಗೀರಿ ನೀವು. ಮನ್ಯಾಗ ಪೂಜಿಗೆ ಕೂಡ್ರಿ ಅಂದ್ರ ಬೆನ್ನ ನೂಸತೈತಿ, ಹುಕ್ಕೇರ್‍ಯಾಗ ಕಂಬ ಹಿಡಕೊಂಡು ಕೂಡಾಕ ನೂಸಂಗಿಲ್ಲ?”

ಅವಳ ಮಾತು ಸುಳ್ಳಲ್ಲ. ನನ್ನಲ್ಲಿ ಭಕ್ತಿ ಕಡಿಮೆಯೇ. ಆದರೆ ಯಾವ ಕತೆಯನ್ನೂ ನಾನು ಅರ್ಧಕ್ಕೆ ಬಿಟ್ಟು ಏಳಲಾರೆ. ಸಂತೆಯಲ್ಲಿ ಹಲ್ಲುಪುಡಿ ಮಾರುವವನು ಹಾವು ಮುಂಗುಲಿಯ ಕತೆ ಶುರುಮಾಡಿದರೆ, ಅವನು ಆ ಹಾವನ್ನು ಸಾಯಿಸುವ ತನಕ ನಿಂತು, ಬೇಡದ ಹಲ್ಲುಪುಡಿ ಹಿಡಿದುಕೊಂಡು ಬರುತ್ತೇನೆ. ಟೂರಿಂಗ್ ಟಾಕೀಸಿನ ತಂಬು ಹರಿದು ಮಳೆ ಸುರಿದಾಗ ಜನವೆಲ್ಲ ಓಡಿಹೋದರು. ನಾನೊಬ್ಬ ತಲೆಯ ಮೇಲೆ ಚಾಪೆ ಹಾಕಿಕೊಂಡು ನಾಯಕಿಯ ಮದುವೆ ಮುಗಿಸಿಯೇ ಎದ್ದೆ. ಇದು ಭಕ್ತಿಯಲ್ಲ, ಹೆದರಿಕೆ. ಅದು ಎಲ್ಲಿಂದ ಬಂತೆಂದು ಹೆಂಡತಿಗೂ ಹೇಳಿಲ್ಲ. ನಿಮಗೆ ಹೇಳಿಬಿಡುತ್ತೇನೆ, ನೀವು ನನಗೆ ಅನ್ನ ಬಡಿಸುವವರಲ್ಲವಲ್ಲ.

ಮೊದಲನೆಯ ದೊಡ್ಡ ಲಡಾಯಿಯ ಕಾಲ. ನಾನು ಬೆಳಗಾವಿಯಲ್ಲಿ ಹೈಸ್ಕೂಲು ಮುಗಿಸಿ ಬಂದು, ಗೋಕಾವಿಯ ಕೋರ್ಟಿನ ಮುಂದೆ ಬೇವಿನ ಮರದ ಕೆಳಗೆ ಅರ್ಜಿ ಬರೆದುಕೊಂಡಿದ್ದೆ. ಧುಪದಾಳದ ಒಡ್ಡಿನ ಹತ್ತಿರ ಬಂಗಲೆಯಲ್ಲಿದ್ದ ಬಿಳಿಯ ಸಾಹೇಬನಿಗೆ ವರ್ಗವಾಯಿತು. ಅವನ ಅಡಿಗೆಯ ಬಬರ್ಚಿಗೆ ನಾನು ಯಾವುದೋ ಅರ್ಜಿ ಬರೆದುಕೊಟ್ಟಿದ್ದೆ. ಆತ ಅದರ ಉಪಕಾರಕ್ಕೆಂದು, ಸಾಹೇಬ ಬಿಟ್ಟುಹೋದ ಸಾಮಾನಿನಲ್ಲಿಂದ ಕೆಂಪು ರಟ್ಟಿನ ದಪ್ಪ ಪುಸ್ತಕವೊಂದನ್ನು ತಂದುಕೊಟ್ಟ. ಇಂಗ್ಲಿಷ್ ಪುಸ್ತಕ, ಆದರೆ ಒಳಗಿನ ಕತೆ ಸ್ಪೇನ್ ದೇಶದ್ದು. ಬಹಳ ಹಿಂದಿನ ಕಾಲದ ವೀರರು, ಮೈಯೆಲ್ಲ ಕಬ್ಬಿಣದ ಅಂಗಿ, ಕೈಯಲ್ಲಿ ಉದ್ದನೆಯ ಭರ್ಜಿ. ಕೊಟ್ಟ ಮಾತಿಗಾಗಿ ದೇಶ ಬಿಟ್ಟು ದೇಶ ತಿರುಗುವವರು, ರಾಕ್ಷಸರನ್ನು ಕೊಲ್ಲುವವರು, ಮಾಟಗಾರರ ಕೋಟೆ ಮುರಿಯುವವರು.

ನನ್ನ ಇಂಗ್ಲಿಷು ಅರ್ಜಿಗೆ ಸಾಲುತ್ತಿತ್ತು, ರಾಕ್ಷಸರಿಗೆ ಸಾಲುತ್ತಿರಲಿಲ್ಲ. ಒಂದು ಡಿಕ್ಷನರಿ ಇತ್ತು. ಅದರ ಕೊನೆಯ ಭಾಗವನ್ನು ಗೆದ್ದಲು ತಿಂದಿತ್ತು. ಗೆದ್ದಲು ತಿಂದ ಶಬ್ದ ಬಂದಲ್ಲೆಲ್ಲ ನನ್ನ ಬುದ್ಧಿಗೆ ತೋಚಿದ ಅರ್ಥ ಹಾಕಿಕೊಂಡು ಮುಂದೆ ಹೋಗುತ್ತಿದ್ದೆ. ಹೀಗಾಗಿ ಆ ವೀರ ನನ್ನ ಕೈಯಲ್ಲಿ ಹಲವು ಸಲ ದಾರಿ ತಪ್ಪಿರಬೇಕು. ಆದರೂ ಓದುತ್ತ ಓದುತ್ತ ನನಗೆ ಹುಚ್ಚು ಹತ್ತಿತು. ಬೆಳಿಗ್ಗೆ ಓದಿದ್ದನ್ನು ಮಧ್ಯಾಹ್ನ ಯಾರಿಗಾದರೂ ಹೇಳದಿದ್ದರೆ ಊಟ ಇಳಿಯುತ್ತಿರಲಿಲ್ಲ.

ಕೇಳುವವರು ಸಿಕ್ಕದ್ದು ತಮ್ಮಣ್ಣನ ಕಾರಖಾನೆಯಲ್ಲಿ. ಕಾರಖಾನೆ ಎಂದರೆ ಒಂದು ಉದ್ದನೆಯ ಪಡಸಾಲೆ. ಹಗುರವಾದ ಕಟ್ಟಿಗೆಯಲ್ಲಿ ಹಣ್ಣು, ಕಾಯಿಪಲ್ಯ, ದೇವರು ದಿಂಡರು ಎಲ್ಲವನ್ನೂ ಮಾಡಿ ಬಣ್ಣ ಹಚ್ಚುವುದು ತಮ್ಮಣ್ಣನ ಮನೆತನದ ಕೆಲಸ. ಅವನು ಮಾಡಿದ ಪೇರಲಹಣ್ಣನ್ನು ನಮ್ಮ ಬೀಗರೊಬ್ಬರು ತಟ್ಟೆಯಿಂದ ಎತ್ತಿ ಕಚ್ಚಿ, ಹಲ್ಲು ಹಿಡಿದುಕೊಂಡು, “ಹಣ್ಣ ಇನ್ನೂ ಕಾಯಿ ಐತ್ರಿ” ಎಂದಿದ್ದರು. ಆ ಪಡಸಾಲೆಯಲ್ಲಿ ನಾಲ್ಕಾರು ಜನ ಕುಳಿತು ಕೆತ್ತುತ್ತಿದ್ದರು, ಉಜ್ಜುತ್ತಿದ್ದರು. ಮೂಲೆಯಲ್ಲಿ ಗಂಗವ್ವ ಎಂಬ ಮುದುಕಿ ಹುಣಸೆಬೀಜ ಬೀಸಿ, ಕುದಿಸಿ, ಗೊಂಬೆಗೆ ಹಚ್ಚುವ ಅಂಟು ಮಾಡುತ್ತಿದ್ದಳು. ಕೈಗೆ ಕೆಲಸ, ಕಿವಿಗೆ ಬಿಡುವು. ಕತೆ ಹೇಳುವವನಿಗೆ ಇದಕ್ಕಿಂತ ಒಳ್ಳೆಯ ಜಾಗ ಇನ್ನೊಂದಿಲ್ಲ.

ನಾನು ಶುರುಮಾಡಿದ್ದು ಶ್ರಾವಣದ ಮೊದಲ ಸೋಮವಾರ. ಬೇಕೆಂದು ಆರಿಸಿದ ದಿನವಲ್ಲ, ಅಂದು ಕೋರ್ಟಿಗೆ ರಜೆ ಇತ್ತು, ಅಷ್ಟೆ. ಆದರೆ ನಾನು ಬಾಯಿ ತೆರೆಯುವ ಮೊದಲೇ ಗಂಗವ್ವ ಎದ್ದುಹೋಗಿ ಒಂದು ದೀಪ ಹಚ್ಚಿ ತಂದು ನನ್ನ ಮುಂದಿಟ್ಟಳು, ನನ್ನ ಹಣೆಗೆ ವಿಭೂತಿ ಹಚ್ಚಿದಳು. ನಮ್ಮ ಸೀಮೆಯಲ್ಲಿ ಶ್ರಾವಣ ಸೋಮವಾರ ಯಾರಾದರೂ ಪುಸ್ತಕ ನೋಡಿ ಕತೆ ಹೇಳಲು ಕುಳಿತರೆ ಅದು ಪುರಾಣವೇ. ಮತ್ತೇನು ಇದ್ದೀತು?

“ಗಂಗವ್ವಾ, ಇದು ದೇವರ ಪುರಾಣ ಅಲ್ಲ, ಸ್ಪೇನದ ಕತಿ,” ಎಂದೆ.

“ದೇವರು ಅಲ್ಲೇನು ಇಲ್ಲೇನು. ನೀ ಹೇಳೋ ತಮ್ಮಾ,” ಎಂದಳು.

ಆಗ ನಾನು ಇನ್ನೊಮ್ಮೆ ಬಿಡಿಸಿ ಹೇಳಬೇಕಿತ್ತು. ಹೇಳಲಿಲ್ಲ. ಹಣೆಯ ಮೇಲೆ ವಿಭೂತಿ, ಮುಂದೆ ದೀಪ. ಕೋರ್ಟಿನ ಮುಂದೆ ಮಣ್ಣಲ್ಲಿ ಕೂರುವವನಿಗೆ ಅದು ಸಿಂಹಾಸನವಾಗಿ ಕಂಡಿತು.

ಕತೆಯ ವೀರನ ಹೆಸರು ಯಾರ ನಾಲಿಗೆಗೂ ಹೊರಳಲಿಲ್ಲ. ತಮ್ಮಣ್ಣ ಅವನಿಗೆ ‘ಸ್ಪೇನಪ್ಪ’ ಎಂದು ನಾಮಕರಣ ಮಾಡಿದ. ಮರುದಿನದಿಂದ ನಾನು ಹೊಸ್ತಿಲು ದಾಟುವ ಮೊದಲೇ ಅವನ ಪ್ರಶ್ನೆ: “ಏನ್ರಿ ಮಾಸ್ತರ, ಸ್ಪೇನಪ್ಪ ಆ ಗವಿಯಿಂದ ಹೊರಗ ಬಂದಾನೋ ಇಲ್ಲೋ? ನನಗ ನಿದ್ದಿ ಇಲ್ಲ ನೋಡ್ರಿ.” ಒಂದು ದಿನ ತಮ್ಮಣ್ಣ ಸ್ಪೇನಪ್ಪನ ಗೊಂಬೆಯನ್ನೇ ಕೆತ್ತಿ ತೋರಿಸಿದ. ಕುದುರೆ ಬಹಳ ಚೆನ್ನಾಗಿತ್ತು. ಆದರೆ ನಾನು ಕಬ್ಬಿಣದ ಟೊಪ್ಪಿಗೆ ಎಂದದ್ದು ಅವನಿಗೆ ಸೇರಿರಲಿಲ್ಲ. ಕೆಂಪು ರುಮಾಲು ಸುತ್ತಿ, ಮೀಸೆ ತಿರುವಿ, ಹಣೆಗೆ ಮೂರು ಬೆರಳಿನ ವಿಭೂತಿ ಎಳೆದಿದ್ದ. “ಟೊಪಿಗಿ ಹಾಕ್ಕೊಂಡ ರಾಜಕುಮಾರ ಎಲ್ಲಿರತಾನ್ರಿ? ಪೋಸ್ಟಮನ್ ಆಗತಾನ,” ಎಂದ. ಆ ಗೊಂಬೆ ಪೇಟೆಯಲ್ಲಿ ಕೂಡಲೇ ಮಾರಿಹೋಯಿತು. ಮತ್ತೆ ಮಾಡಿದ, ಮತ್ತೆ ಹೋಯಿತು. ಗೋಕಾವಿಯ ಹುಡುಗರು ಓಣಿಯಲ್ಲಿ ಜೋಳದ ದಂಟು ಹಿಡಿದು ಸ್ಪೇನಪ್ಪನ ಲಡಾಯಿ ಆಡುತ್ತಿದ್ದರು.

ಗಂಗವ್ವ ಮಾತ್ರ ಗವಿಯನ್ನೂ ರಾಕ್ಷಸನನ್ನೂ ಕೇಳುತ್ತಿರಲಿಲ್ಲ. ನಾನು ಆ ದಿನದ ಕತೆ ನಿಲ್ಲಿಸುವ ಹೊತ್ತಿಗೆ ಅಂಟಿನ ಕೈ ಎತ್ತಿ ಕೇಳುವಳು: “ಅವರವ್ವ ಏನ ಮಾಡಾಕತ್ತಾಳೋ ತಮ್ಮಾ?”

ಪುಸ್ತಕದಲ್ಲಿ ಅವರವ್ವನಿಗೆ ಎರಡು ಸಾಲಿಗಿಂತ ಹೆಚ್ಚಿರಲಿಲ್ಲ. ಮಗನನ್ನು ಕಳಿಸಿ ಅತ್ತಳು ಎಂದು ಬರೆದು ಕೈಬಿಟ್ಟಿದ್ದರು. ಆದರೆ ಗಂಗವ್ವನ ಮಗ ಶಿವಲಿಂಗ ಯಾರಿಗೂ ಹೇಳದೆ ಬೆಳಗಾವಿಗೆ ಹೋಗಿ, ಪಲ್ಟನ್ನಿನ ಹೇಸರಗತ್ತೆ ಹೊಡೆಯುವ ಕೆಲಸಕ್ಕೆ ಹೆಸರು ಕೊಟ್ಟು, ಬಸರಾದ ಲಡಾಯಿಗೆ ಹಡಗು ಹತ್ತಿದ್ದ. ಹೋದವನ ಸುದ್ದಿಯೇ ಇರಲಿಲ್ಲ. ಅದು ನನಗೆ ಗೊತ್ತಿತ್ತು. ಆದ್ದರಿಂದ ಅವಳು ಕೇಳಿದಾಗಲೆಲ್ಲ ಏನಾದರೂ ಕಟ್ಟಿ ಹೇಳುತ್ತಿದ್ದೆ. ಅವರವ್ವ ಕೋಟೆಯ ಬುರುಜಿನ ಮೇಲೆ ನಿಂತು ದಾರಿ ನೋಡುತ್ತಾಳೆ. ಮಗನ ಹಾಸಿಗೆ ಕೊಡವಿ ಹಾಕುತ್ತಾಳೆ. ಅವನ ಪಾಲಿನ ರೊಟ್ಟಿ ಮುಚ್ಚಿಡುತ್ತಾಳೆ. ಗಂಗವ್ವ ತಲೆಯಾಡಿಸಿ ಮತ್ತೆ ಬೀಸಲು ಕೂರುವಳು.

ಕತೆ ಹೀಗೆ ಶ್ರಾವಣದ ತುದಿಗೆ ಬಂತು. ಸ್ಪೇನಪ್ಪ ಎಲ್ಲ ಗೆದ್ದು, ಮನೆಯ ದಾರಿ ಹಿಡಿದಿದ್ದ. ಕೋಟೆ ಕಾಣುವಷ್ಟು ಹತ್ತಿರ ಬಂದಿದ್ದ. “ನಾಳೆ ಮಂಗಳ,” ಎಂದು ಹೇಳಿ ಬಂದೆ.

ಮರುದಿನ ಬೆಳಿಗ್ಗೆ ಪುಸ್ತಕ ತೆರೆದರೆ ಕೊನೆಯ ಅಧ್ಯಾಯದಲ್ಲಿ ವೀರನೇ ಇರಲಿಲ್ಲ! ಪುಸ್ತಕ ಕೂಡಿಸಿದ ಸಂಪಾದಕನೆಂಬ ಪುಣ್ಯಾತ್ಮ, ಈ ಕತೆಗೆ ಕೊನೆಯೇ ಇಲ್ಲ, ಮುಂದೆ ಮಗನ ಕತೆ, ಅದರ ಮುಂದೆ ಮೊಮ್ಮಗನ ಕತೆ ಹೀಗೆ ಬೆಳೆಯುತ್ತ ಹೋಯಿತು ಎಂದು ಹೇಳಿ, ಈ ಜಾತಿಯ ಕತೆಗಳು ಹೇಗೆ ಮೆರೆದವು, ಹೇಗೆ ಮುಳುಗಿದವು ಎಂದು ಬರೆದಿದ್ದ. ಮೆರೆದದ್ದನ್ನು ಓದಿ ನನ್ನ ಎದೆ ಉಬ್ಬಿತು. ರಾಜರು ಓದಿದರಂತೆ. ಓದು ಬರದ ಒಕ್ಕಲಿಗರು ಸುಗ್ಗಿಯ ಬಿಡುವಿನಲ್ಲಿ ಧರ್ಮಶಾಲೆಯಲ್ಲಿ ಸುತ್ತ ಕುಳಿತು ಒಬ್ಬನ ಕೈಯಲ್ಲಿ ಓದಿಸಿ ಕೇಳಿದರಂತೆ. ಥೇಟ್ ನಮ್ಮ ತಮ್ಮಣ್ಣನ ಪಡಸಾಲೆ! ಸಮುದ್ರ ದಾಟಿ ಹೊಸ ದೇಶ ಗೆಲ್ಲಲು ಹೋದ ಸಿಪಾಯಿಗಳು, ಅಲ್ಲಿಯ ಒಂದು ಸೀಮೆಗೆ ಇಂಥ ಕತೆಯಲ್ಲಿ ಬರುವ ನಡುಗಡ್ಡೆಯ ಹೆಸರನ್ನೇ ಇಟ್ಟರಂತೆ.

ಪುಟ ತಿರುವಿದೆ. ದಂಗಾದೆ. ಅದೇ ದೇಶದ ದೊಡ್ಡವರು, ಈ ಕತೆಗಳು ಹರೆಯದವರನ್ನು ಕೆಡಿಸುತ್ತವೆ, ಎಲ್ಲ ಸುಡಿಸಿರಿ ಎಂದು ರಾಜನಿಗೆ ಅರ್ಜಿ ಕೊಟ್ಟಿದ್ದರಂತೆ. ಅರ್ಜಿ! ನನ್ನಂಥವನೇ ಯಾರೋ ಕುಳಿತು ಬರೆದಿರಬೇಕು. ಅದಕ್ಕೂ ಅವು ಸಾಯಲಿಲ್ಲ. ಕೊನೆಗೆ ಲಡಾಯಿಯಲ್ಲಿ ಕೈ ಊನವಾದ ಒಬ್ಬ ಹಳೆಯ ಸಿಪಾಯಿ ಇಂಥ ವೀರರನ್ನು ಗೇಲಿ ಮಾಡಿ ಒಂದು ಪುಸ್ತಕ ಬರೆದ. ದೇಶಕ್ಕೆ ದೇಶವೇ ಬಿದ್ದು ಬಿದ್ದು ನಕ್ಕಿತು. ಆಮೇಲೆ ಹೊಸದಾಗಿ ಅಂಥ ಕತೆ ಬರೆಯುವವರೇ ಇಲ್ಲವಾದರು. ಬೆಂಕಿಗೆ ಸಾಯದ್ದು ನಗೆಗೆ ಸತ್ತಿತ್ತು.

ನಾನು ಪುಸ್ತಕ ಮುಚ್ಚಿದೆ. ಹುಟ್ಟಿದ ದೇಶದಲ್ಲೇ ಜನ ನಕ್ಕು ಬಿಸಾಡಿದ್ದನ್ನು ತಂದು, ಹಣೆಗೆ ವಿಭೂತಿ ಹಚ್ಚಿಕೊಂಡು, ದೀಪದ ಮುಂದೆ ಕುಳಿತು ನಾನು ಪುರಾಣ ಹೇಳಿದ್ದೆ! ನಾಳೆ ಯಾರಾದರೂ ಕಲಿತ ವಕೀಲರು ಇದನ್ನು ಕೇಳಿದರೆ? ಕೋರ್ಟಿನ ಮುಂದೆ ನನ್ನ ಗತಿ ಏನು? ಅವರು ನಗುವ ಮೊದಲು ನಾನೇ ನಕ್ಕುಬಿಡುವುದು ಜಾಣತನ ಎಂದು ತೋರಿತು.

ಮಧ್ಯಾಹ್ನ ಪಡಸಾಲೆಗೆ ಹೋದೆ. ಅಂದು ಎಲ್ಲರೂ ಕೆಲಸ ಬಿಟ್ಟು ಮಡಿ ಅಂಗಿ ಹಾಕಿಕೊಂಡು ಕುಳಿತಿದ್ದರು. ತೆಂಗಿನಕಾಯಿ ಇತ್ತು, ಹೂವಿತ್ತು. ಗಂಗವ್ವ ತಲೆತುಂಬ ಸೆರಗು ಹೊದ್ದು ಎಲ್ಲರಿಗಿಂತ ಮುಂದೆ ಕುಳಿತಿದ್ದಳು.

“ಸ್ಪೇನಪ್ಪ ಕೋಟೆ ಬಾಗಲಕ್ಕ ಬಂದ,” ಎಂದು ಶುರುಮಾಡಿದೆ. “ಆ ಕಬ್ಬಿಣದ ಅಂಗಿ ಬ್ಯಾಸಗಿ ಬಿಸಲಿಗೆ ಕಾದು ಹಂಚಿನಂಗ ಆಗಿತ್ತು. ಒಳಗ ಸ್ಪೇನಪ್ಪ ರೊಟ್ಟಿ ಬೆಂದಂಗ ಬೆಂದಿದ್ದ. ಕುದುರಿಗೂ ವಯಸ್ಸಾಗಿತ್ತು. ಬಾಗಲದಾಗ ಒಂದು ಕೋಳಿ ಅಡ್ಡ ಬಂತು. ರಾಕ್ಷಸರಿಗೆ ಹೆದರದ ಕುದುರಿ ಕೋಳಿಗೆ ಹೆದರತು!”

ತಮ್ಮಣ್ಣ ಕಿಸಕ್ಕೆಂದ. ಅಷ್ಟು ಸಾಕಾಯಿತು ನನಗೆ. ಸ್ಪೇನಪ್ಪನನ್ನು ಎತ್ತಿ ತಿಪ್ಪೆಗೆ ಹಾಕಿದೆ. ಕಬ್ಬಿಣದ ಅಂಗಿಯ ಭಾರಕ್ಕೆ ಅವನು ಏಳಲಾರದೆ ಬೆನ್ನಮೇಲೆ ಬಿದ್ದ ಆಮೆಯಂತೆ ಕೈಕಾಲು ಆಡಿಸಿದ್ದನ್ನು, ನಾನೇ ನೆಲದ ಮೇಲೆ ಮಲಗಿ ಮಾಡಿ ತೋರಿಸಿದೆ. ಪಡಸಾಲೆ ಹಾರಿಹೋಗುವಂತೆ ನಗೆ. ತಮ್ಮಣ್ಣ ಕಣ್ಣೀರು ಒರೆಸಿಕೊಂಡು, “ಸಾಕ್ರಿ ಮಾಸ್ತರ, ಹೊಟ್ಟಿ ಹರೀತೈತಿ,” ಎಂದ. ನನ್ನ ಜೀವಮಾನದಲ್ಲಿ ಅಷ್ಟು ಜನರನ್ನು ನಾನು ಮತ್ತೆಂದೂ ನಗಿಸಲಿಲ್ಲ.

ಆ ಗದ್ದಲದಲ್ಲೇ ಗಂಗವ್ವ ಕೇಳಿದಳು: “ಅವರವ್ವ?”

“ಅವರವ್ವಾ? ಆಕಿನೂ ಬುರುಜಿನ ಮ್ಯಾಲೆ ಹೊಟ್ಟಿ ಹಿಡಕೊಂಡು ನಗಾಕತ್ತಾಳ!” ಎಂದೆ. ಮತ್ತೊಂದು ನಗೆಯ ಅಲೆ ಎದ್ದಿತು. ನಾನು ಎದ್ದು ಮೈ ಕೊಡವಿಕೊಂಡು, “ಇದೆಲ್ಲಾ ಸುಳ್ಳಪ್ಪಾ. ಆ ದೇಶದವರ ನಕ್ಕು ಬಿಟ್ಟಾರ. ಮುಗೀತು,” ಎಂದು ಹೇಳಿ ಹೊರಬಿದ್ದೆ. ಕಾಯಿ ಒಡೆಯಲಿಲ್ಲ. ಆರತಿ ಆಗಲಿಲ್ಲ.

ತಮ್ಮಣ್ಣ ಸ್ಪೇನಪ್ಪನ ಗೊಂಬೆ ಮಾಡುವುದನ್ನು ನಿಲ್ಲಿಸಿದ. ಈಗ ಕುದುರೆಯಿಂದ ತಲೆಕೆಳಗಾಗಿ ಬೀಳುವ ರುಮಾಲಿನವನನ್ನು ಮಾಡುತ್ತಿದ್ದ. ಅದೂ ಕೆಲವು ದಿನ ಹೋಯಿತು. ಆಮೇಲೆ ಮತ್ತೆ ಪೇರಲಹಣ್ಣು. ನಾನು ಕೋರ್ಟಿನಲ್ಲಿ ಕೆಲಸ ಹೆಚ್ಚಿದ ನೆಪದಿಂದ ಆ ಕಡೆ ಹೋಗುವುದನ್ನು ಬಿಟ್ಟೆ.

ದೀಪಾವಳಿ ಕಳೆದ ಮೇಲೆ ತಮ್ಮಣ್ಣನೇ ಬೇವಿನ ಮರದ ಕೆಳಗೆ ಬಂದ. “ಗಂಗವ್ವ ಮೂಡಲಗಿಗೆ ತಮ್ಮನ ಮನಿಗೆ ಹೋಗ್ಯಾಳ್ರಿ. ಏಳಾಕ ಆಗೂದಿಲ್ಲಂತ. ಶಕ್ತಿ ಎಲ್ಲಿಂದ ಬರಬೇಕ್ರಿ? ಇನ್ನೂ ಒಪ್ಪತ್ತ ಹಿಡದಾಳ.”

“ಯಾತರ ಒಪ್ಪತ್ತು?”

ತಮ್ಮಣ್ಣ ನನ್ನನ್ನು ವಿಚಿತ್ರವಾಗಿ ನೋಡಿದ. “ನಿಮ್ಮ ಪುರಾಣದ್ದ್ರಿ. ಮೊದಲನೇ ದಿನದಿಂದ ಒಂದ ಹೊತ್ತ ಉಣ್ಣಾಕತ್ತಾಳ. ಸ್ಪೇನಪ್ಪ ಮನಿಗೆ ಬಂದ ದಿನಾ ಬಿಡಬೇಕಂತ ಹರಕಿ. ಅಂವ ಬಂದ್ರ ಶಿವಲಿಂಗನೂ ಬರತಾನಂತ. ನೀವು ಮಂಗಳ ಮಾಡಲಿಲ್ಲ, ಆಕಿ ಬಿಡಲಿಲ್ಲ.”

ಬರೆಯುತ್ತಿದ್ದ ಅರ್ಜಿಯನ್ನು ಮಡಚಿಟ್ಟೆ. ನಮ್ಮ ಅವ್ವನೂ ಪುರಾಣದ ತಿಂಗಳಲ್ಲಿ ಒಪ್ಪತ್ತು ಇರುತ್ತಿದ್ದಳು. ದೀಪ ಇಟ್ಟ ದಿನವೇ ನನಗೆ ಹೊಳೆಯಬೇಕಿತ್ತು. ಹೊಳೆಯಲಿಲ್ಲ, ಏಕೆಂದರೆ ನಾನು ದೀಪವನ್ನು ನೋಡುತ್ತಿರಲಿಲ್ಲ. ಅದರ ಬೆಳಕಿನಲ್ಲಿ ನಾನು ಹೇಗೆ ಕಾಣುತ್ತೇನೆಂದು ನೋಡುತ್ತಿದ್ದೆ.

ಮರುದಿನ ಬೆಳಗಾಗುತ್ತಲೇ ಬಂಡಿ ಹಿಡಿದು ಮೂಡಲಗಿಗೆ ಹೋದೆ. ದಾರಿಯುದ್ದಕ್ಕೂ ಕೊನೆ ಕಟ್ಟಿದೆ. ಬಾಜಾ ಭಜಂತ್ರಿ ಸಮೇತ ಸ್ಪೇನಪ್ಪನನ್ನು ಕೋಟೆಯೊಳಗೆ ಕರೆತಂದು ತಾಯಿಯ ಕಾಲಿಗೆ ಬೀಳಿಸಿದೆ. ಗಂಗವ್ವ ಅಂಗಳದ ಬಿಸಿಲಲ್ಲಿ ಗೋಡೆಗೆ ಒರಗಿ ಶೇಂಗಾ ಸುಲಿಯುತ್ತ ಕುಳಿತಿದ್ದಳು. ಕೈಯ ಎಲುಬಿನ ಮೇಲೆ ಚರ್ಮ ಸಡಿಲವಾದ ಅಂಗಿತೋಳಿನಂತೆ ಜೋತಿತ್ತು.

“ಬಾರೋ ತಮ್ಮಾ. ನೀರ ಕುಡಿ.”

“ಗಂಗವ್ವಾ, ಪುರಾಣ ಮುಗಸಾಕ ಬಂದೀನಿ. ಅವತ್ತ ತಪ್ಪ ಹೇಳಿದೆ. ಸ್ಪೇನಪ್ಪ ಮನಿಗೆ…”

ಅವಳು ಕೈ ಎತ್ತಿದಳು. “ಶಿವಲಿಂಗ ಹ್ವಾದ. ಹುಕ್ಕೇರಿ ಕಡೆ ಸಿಪಾಯಿ ಒಬ್ಬಾವ ತಿರುಗಿ ಬಂದಾನ, ಮೊನ್ನೆ ಅಂವ ಹೇಳಿದ. ಜ್ವರ ಬಂದು, ಹಾದ್ಯಾಗ, ಹೇಸರಗತ್ತಿ ಮ್ಯಾಲಿಂದ ಬಿದ್ದನಂತ. ಶ್ರಾವಣದಾಗ.”

ಅವಳು ಇನ್ನೊಂದು ಶೇಂಗಾ ಸುಲಿದಳು.

“ಅವತ್ತ ಎಲ್ಲಾರೂ ನಕ್ಕರಲ್ಲೋ ತಮ್ಮಾ. ನೀ ನೆಲಕ್ಕ ಬಿದ್ದು ಕೈಕಾಲ ಆಡಿಸಿದಿ. ಅವರವ್ವನೂ ನಕ್ಕಳಂದಿ. ಆವಾಗ ನಾನೂ ನಕ್ಕೆ. ತಡಕೊಳ್ಳಾಕ ಆಗಲಿಲ್ಲ, ನಗಿ ಬಂದ ಬಿಡತು. ನನ್ನ ಮಗ ಅಲ್ಲಿ ಬೀಳೂಮುಂದ ನಾ ಇಲ್ಲಿ ನಕ್ಕೆ.”

ಓದುಗರೇ, ನಾನು ಬಂದದ್ದು ಕ್ಷಮೆ ಕೇಳಲು. ಬೈಯಲಿ, ಶಪಿಸಲಿ, ಹೊಡೆಯಲಿ ಎಂದು ಮನಸ್ಸು ಗಟ್ಟಿ ಮಾಡಿಕೊಂಡು ಬಂದಿದ್ದೆ. ಆ ಮುದುಕಿ ನನ್ನ ತಪ್ಪನ್ನು ಎತ್ತಿ ಕೂಡ ಆಡಲಿಲ್ಲ. ಎಲ್ಲವನ್ನೂ ತನ್ನ ತಲೆಯ ಮೇಲೆ ಹೊತ್ತು ಕುಳಿತಿದ್ದಳು. “ನಗಿಸಿದವನು ನಾನು ಗಂಗವ್ವಾ, ನಕ್ಕದ್ದು ನಿನ್ನ ಪಾಪವಲ್ಲ” ಎಂಬ ಮಾತು ನಾಲಿಗೆಯ ತುದಿಗೆ ಬಂದಿತ್ತು. ಹೇಳಲಿಲ್ಲ. ಯಾಕೆ ಹೇಳಲಿಲ್ಲ ಎಂಬುದನ್ನು ನೆನೆದರೆ ಇಂದಿಗೂ ಬೆಚ್ಚುತ್ತೇನೆ. ಅವಳ ಮಾತು ಕೇಳಿದ ಕ್ಷಣದಲ್ಲಿ ನನಗೆ ಹಗುರಾಯಿತು. ಹೌದು, ಹಗುರಾಯಿತು. ಇವಳು ನನ್ನನ್ನು ಬೈಯುವುದಿಲ್ಲ ಎಂದು ಒಳಗೊಳಗೆ ಸಮಾಧಾನವಾಯಿತು.

“ಮುಗಸು,” ಎಂದಳು. “ಹಚ್ಚಿದ ದೀಪ ಹಂಗ ಬಿಡಬಾರದು. ಆದರ ಅವನ್ನ ಮನಿಗೆ ಕರಕೊಂಡ ಬರಬ್ಯಾಡ.”

ಅವಳ ತಮ್ಮನ ಹೆಂಡತಿ ದೀಪ ತಂದಿಟ್ಟಳು. ಬಂಡಿಯಲ್ಲಿ ಕಟ್ಟಿದ್ದೆಲ್ಲ ಮಣ್ಣಾಯಿತು. ಯಾವ ಪುಸ್ತಕದಲ್ಲೂ ಇಲ್ಲದ ಕೊನೆಯನ್ನು ನಾನು ಹೇಳಬೇಕಾಯಿತು. ಸ್ಪೇನಪ್ಪನಿಗೆ ದಾರಿಯಲ್ಲಿ ಜ್ವರ ಬಂತು. ಕುದುರೆಯಿಂದ ಇಳಿದ ಎಂದೆ, ಬಿದ್ದ ಎನ್ನಲಿಲ್ಲ. ಮರದ ನೆರಳಿನಲ್ಲಿ ಮಲಗಿದ.

“ನೀರ ಕೊಟ್ಟರೇನು ಯಾರಾದರೂ?”

“ಕೊಟ್ಟರವ್ವ. ಹೊಲಕ್ಕ ಹೊಂಟಾಕಿ ಒಬ್ಬಾಕಿ ತತ್ರಾಣಿಲೆ ನೀರ ಹಾಕಿದಳು.”

“ಅವನ ಭಾಷಾ ಆಕಿಗೆ ತಿಳೀತೇನು?”

“ನೀರ ಬೇಡೂದಕ್ಕ ಭಾಷಾ ಬೇಕಾಗಲಿಲ್ಲ.”

ಗಂಗವ್ವ ಬಹಳ ಹೊತ್ತು ದೀಪ ನೋಡಿದಳು. ಆಮೇಲೆ ತಾನೇ ಕಾಯಿ ಒಡೆಸಿ, ಆರತಿ ಎತ್ತಿದಳು. ನನ್ನ ಕೈಗೆ ಬೆಲ್ಲ ಕೊಟ್ಟಳು. ಸಂಜೆಗೂ ರೊಟ್ಟಿ ಉಂಡಳು.

ಸಂಕ್ರಾಂತಿಯ ಹೊತ್ತಿಗೆ ಅವಳು ಗೋಕಾವಿಗೆ ತಿರುಗಿ ಬಂದು ಮತ್ತೆ ಬೀಜ ಬೀಸಲು ಕುಳಿತಳು. ಒಂದು ಮಧ್ಯಾಹ್ನ ಧೈರ್ಯ ಮಾಡಿ ನಾನೂ ಪಡಸಾಲೆಗೆ ಹೋದೆ, ಅಂದಾದರೂ, ನಕ್ಕದ್ದು ಅವಳ ಪಾಪವಲ್ಲವೆಂಬ ಆ ಒಂದು ಮಾತನ್ನು ಹೇಳಿಬಿಡಬೇಕೆಂದು. ತಮ್ಮಣ್ಣ ತನ್ನ ಮಾವನ ಎಮ್ಮೆ ಕೊಂಡ ಕತೆ ಹೇಳುತ್ತಿದ್ದ. ಎಮ್ಮೆ ಮಾವನನ್ನು ಹಳ್ಳಕ್ಕೆ ಎಳೆದುಕೊಂಡು ಹೋದಲ್ಲಿ ಎಲ್ಲರೂ ಗೊಳ್ಳೆಂದು ನಕ್ಕರು. ಗಂಗವ್ವ ಕೈ ಒರೆಸಿಕೊಂಡು ಮೆಲ್ಲಗೆ ಎದ್ದಳು. ಹೊರಗೆ ಹೋಗಿ ಗೋಡೆಗೆ ಮುಖ ಮಾಡಿ ನಿಂತಳು.

“ನಗಿ ಎದ್ದರ ಹಂಗ ಹೊರಗ ಹೋಗತಾಳ್ರಿ,” ಎಂದು ತಮ್ಮಣ್ಣ ದನಿ ತಗ್ಗಿಸಿದ. “ಮುಗದ ಮ್ಯಾಲೆ ಬರತಾಳ.”

ಬಾಗಿಲು ನನ್ನಿಂದ ಒಂದು ಮಾರು ದೂರದಲ್ಲಿತ್ತು. ಅವಳ ಬೆನ್ನು ಕಾಣುತ್ತಿತ್ತು. ಒಳಗೆ ನಗೆ ಮುಗಿಯಿತು. ಅವಳು ಬಂದು, ನನ್ನ ಪಕ್ಕದಿಂದಲೇ ಹಾಯ್ದು, ಬೀಸುವ ಕಲ್ಲಿನ ಮುಂದೆ ಕುಳಿತಳು. ನಾನು ಕುಳಿತಲ್ಲೇ ಕುಳಿತಿದ್ದೆ.